ಹುಣಸೆ ಬೀಜಕ್ಕೆ ಗಟ್ಟಿ ಅಂಗಿ ತೊಡಿಸಿದ ಮಾಳವ್ವ

ನೆಲ ಇನ್ನೂ ಹಸಿಯಾಗಿದ್ದ ಕಾಲ ಅದು. ಬೆಟ್ಟದ ಮೇಲೆ ಕೈ ಊರಿದರೆ ಬೆರಳಿನ ಗುರುತು ಮೂಡುತ್ತಿತ್ತು. ಯಾವ ಕಡೆ ಹರಿಯಬೇಕೆಂದು ಹೊಳೆಗಳಿಗೇ ಗೊತ್ತಿರಲಿಲ್ಲ. ಇವತ್ತು ಈ ಕಡೆ ಹರಿದರೆ ನಾಳೆ ಆ ಕಡೆ. ಮರ, ಮೃಗ, ಮನುಷ್ಯ, ಗಾಳಿ ಎಲ್ಲರದೂ ಒಂದೇ ಮಾತು. ಇರುವೆ ಹೇಳಿದ್ದು ಆನೆಗೆ ತಿಳಿಯುತ್ತಿತ್ತು.

ಆಗ ಇಡೀ ಬಯಲಿಗೆ ಇದ್ದದ್ದು ಒಂದೇ ಒಂದು ಹುಣಸೆಮರ.

ಹುಣಸೆ ಅಂದ ಕೂಡಲೇ ನಿಮ್ಮ ಬಾಯಲ್ಲಿ ನೀರು ಬಂತು, ಅಲ್ಲವೇ? ಆಗ ಯಾರಿಗೂ ಬರುತ್ತಿರಲಿಲ್ಲ. ಆಗ ಹುಣಸೆಹಣ್ಣು ಬೆಲ್ಲದ ಹಾಗೆ ಸಿಹಿ. ಸಿಪ್ಪೆ ಹೂವಿನ ಎಸಳಿನಷ್ಟು ತೆಳು. ನಾರು ಅನ್ನುವುದೇ ಇಲ್ಲ. ಬೀಜವೋ, ಬೇಯಿಸಿದ ಅವರೆಕಾಳಿನ ಹಾಗೆ ಬೆಳ್ಳಗೆ, ಮೆತ್ತಗೆ.

ಕೋತಿ ಬಂದು ತಿನ್ನುತ್ತಿತ್ತು. ಗಿಳಿ ಬಂದು ತಿನ್ನುತ್ತಿತ್ತು. ಅಳಿಲು ಬಂದು ತಿನ್ನುತ್ತಿತ್ತು. ಹಣ್ಣಿನ ಜೊತೆ ಬೀಜವನ್ನೂ ನುಂಗಿ, ಬಾಯಿ ಚಪ್ಪರಿಸಿಕೊಂಡು ಹೋಗುತ್ತಿದ್ದವು. ಒಂದು ಬೀಜವೂ ಕೆಳಗೆ ಬೀಳುತ್ತಿರಲಿಲ್ಲ.

ಒಂದು ದಿನ ಹುಣಸೆಮರ ನೆಲವನ್ನು ಕೇಳಿತು: “ನೆಲತಾಯಿ, ಬೇವಿನ ಸುತ್ತ ಬೇವಿನ ಸಸಿಗಳಿವೆ. ಆಲದ ಸುತ್ತ ಆಲದ ಮಕ್ಕಳಿದ್ದಾರೆ. ನನ್ನ ಬುಡ ಮಾತ್ರ ಯಾಕೆ ಬೋಳು?”

“ನೀನು ನನಗೆ ಒಂದಾದರೂ ಬೀಜ ಕೊಟ್ಟಿದ್ದೀಯಾ?” ಎಂದಿತು ನೆಲ. “ಕೊಟ್ಟರೆ ಹುಟ್ಟಿಸುತ್ತೇನೆ. ಕೊಡದೆ ನಾನು ಎಲ್ಲಿಂದ ಹುಟ್ಟಿಸಲಿ?”

ಮರ ಯೋಚನೆ ಮಾಡಿತು. ಆ ವರ್ಷ ತುತ್ತತುದಿಯ ಕೊಂಬೆಯಲ್ಲಿ ನಾಲ್ಕು ಕಾಯಿಗಳನ್ನು ಎಲೆಗಳ ಮರೆಯಲ್ಲಿ ಬಚ್ಚಿಟ್ಟಿತು. ನಾಲ್ಕು ಕಾಯಿಯಲ್ಲಿ ಹನ್ನೆರಡು ಬೀಜ. ಕೋತಿಗೆ ಕಾಣಲಿಲ್ಲ, ಗಿಳಿಗೂ ಕಾಣಲಿಲ್ಲ. ‘ಮಳೆ ಬರಲಿ, ಆಮೇಲೆ ಕೆಡವುತ್ತೇನೆ. ಹನ್ನೆರಡರಲ್ಲಿ ಒಂದಾದರೂ ಮರವಾದೀತು’ ಎಂದು ಕಾದು ನಿಂತಿತು.

ಆ ಮರದ ಕೆಳಗೆ ಮಾಳವ್ವ ಅನ್ನುವ ಕುರಿಗಾಹಿ ಹೆಂಗಸಿನ ಗುಡಿಸಲು ಇತ್ತು. ಮಾಳವ್ವನಿಗೆ ನಲವತ್ತು ಕುರಿ, ಒಬ್ಬಳೇ ಮಗಳು ಕೆಂಚಿ. ಕೆಂಚಿಗೆ ಐದು ದಿನದ ಕೂಸು. ಆ ಕಾಲದಲ್ಲಿ ಮನುಷ್ಯರಿಗೆ ಕಂಬಳಿ ಗೊತ್ತಿರಲಿಲ್ಲ. ಚಳಿಗಾಲದಲ್ಲಿ ಎಲೆ ಹೊದ್ದು ಒಲೆಯ ಮುಂದೆ ಕೂರುತ್ತಿದ್ದರು, ಅಷ್ಟೇ.

ಕೂಸಿಗೆ ಐದನೆಯ ದಿನ ಮೂಡಣದ ಗಾಳಿ ಬಂತು. ಗುಡಿಸಲಿನ ಸಂದಿಯಲ್ಲಿ ತಲೆ ಹಾಕಿತು. ಕೂಸಿನ ತುಟಿ ನೀಲಿಯಾಯಿತು.

“ಹೋಗಪ್ಪ, ಆ ಕಡೆ ಹೋಗು. ಮನೆಯಲ್ಲಿ ಬಾಣಂತಿ ಇದ್ದಾಳೆ” ಎಂದಳು ಮಾಳವ್ವ.

“ಬೀಸುವುದು ನನ್ನ ಕೆಲಸ ತಾಯಿ, ನಾನೇನು ಮಾಡಲಿ?” ಎಂದಿತು ಗಾಳಿ. “ನಾನು ಚಿಕ್ಕವನು. ಇನ್ನು ಒಂಬತ್ತು ದಿನಕ್ಕೆ ನಮ್ಮ ಅಣ್ಣ ಬರುತ್ತಾನೆ. ಅವನು ನನ್ನ ಹಾಗೆ ನಿಂತು ಮಾತಾಡುವವನಲ್ಲ. ಕೂಸನ್ನು ಜೋಪಾನ ಮಾಡು.”

ಮಾಳವ್ವ ಕೂಸನ್ನು ಎದೆಗೆ ಒತ್ತಿಕೊಂಡಳು. ಹಿಂದಿನ ವರ್ಷ ಆ ಅಣ್ಣಗಾಳಿ ಬಂದು ಹೋದ ಮೇಲೆ ಮೂರು ಎಳೆ ಮರಿಗಳು ಎದ್ದೇ ಇರಲಿಲ್ಲ.

ಅವಳು ಸುಮ್ಮನೆ ಕೂರುವ ಹೆಂಗಸಲ್ಲ. ದೊಡ್ಡ ಕುರಿಗಳನ್ನು ನೋಡಿದಳು. ಗಾಳಿಗೆ ಬೆನ್ನು ಕೊಟ್ಟು ಮೆಲುಕು ಹಾಕುತ್ತಾ ಮಲಗಿದ್ದವು. “ಇವಕ್ಕೆ ಚಳಿ ಇಲ್ಲ. ಇವುಗಳ ಉಣ್ಣೆ ಒಂದಷ್ಟು ಕೂಸಿಗೂ ಸಿಕ್ಕರೆ ಸಾಕು” ಅಂದುಕೊಂಡಳು. ಕುರಿಗಳನ್ನು ಕೇಳಿದಳು. ಕುರಿಗಳು ‘ತಗೋ’ ಎಂದು ಬೆನ್ನು ಒಡ್ಡಿದವು. ಉಣ್ಣೆ ಕತ್ತರಿಸಿ, ಹಿಂಜಿ, ಹೊಸೆದು ನೂಲು ಮಾಡಿದಳು. ಹುಣಸೆಮರದ ಎರಡು ಬೇರುಗಳ ನಡುವೆ ಗೂಟ ಹೊಡೆದು ಉದ್ದಕ್ಕೆ ಎಳೆ ಕಟ್ಟಿದಳು. ಅಡ್ಡಕ್ಕೆ ಎಳೆ ತೂರಿಸಿ ನೇಯತೊಡಗಿದಳು.

ನೂಲು ಪಟ್ ಎಂದು ಕಿತ್ತುಹೋಯಿತು.

ಗಂಟು ಹಾಕಿದಳು. ಮತ್ತೆ ಪಟ್. ಉಣ್ಣೆಯ ನೂಲು ಜುಂಗುಜುಂಗು. ಒಂದು ಎಳೆಯ ರೋಮ ಇನ್ನೊಂದಕ್ಕೆ ಸಿಕ್ಕಿಕೊಂಡು, ಎಳೆದರೆ ಕಿತ್ತುಬರುತ್ತಿತ್ತು.

ಮಾಳವ್ವ ರಾಗಿ ಗಂಜಿ ಕಾಯಿಸಿ ನೂಲಿಗೆ ಹಚ್ಚಿದಳು. ಬೆಳಗಾಗುವಷ್ಟರಲ್ಲಿ ಇಲಿಗಳು ಗಂಜಿಯನ್ನೂ ನೂಲನ್ನೂ ತಿಂದಿದ್ದವು. ಮತ್ತೆ ನೂತು, ಜಾಲಿಮರದ ಅಂಟು ತಂದು ಹಚ್ಚಿದಳು. ಅದು ಚಳಿಗೆ ಕಡ್ಡಿಯ ಹಾಗೆ ಸೆಟೆದು ಮುರಿಯಿತು. ಐದು ದಿನ ಕಳೆಯಿತು. ಉಳಿದದ್ದು ನಾಲ್ಕು.

ಮಾಳವ್ವ ತಲೆಯ ಮೇಲೆ ಕೈ ಹೊತ್ತು ಬೇರಿನ ಮೇಲೆ ಕೂತಳು. ಒಳಗೆ ಕೂಸು ಅಳುತ್ತಿತ್ತು. ಅಳು ದಿನದಿಂದ ದಿನಕ್ಕೆ ಸಣ್ಣದಾಗುತ್ತಿತ್ತು.

ಹುಣಸೆಮರ ಇದನ್ನೆಲ್ಲ ನೋಡುತ್ತಲೇ ಇತ್ತು. ಅದಕ್ಕೆ ಒಂದು ಸಂಗತಿ ಗೊತ್ತಿತ್ತು. ಒಮ್ಮೆ ಕೊಂಬೆಯಲ್ಲೇ ಮಳೆಗೆ ನೆನೆದು ಉಬ್ಬಿದ ಬೀಜವನ್ನು ಅಳಿಲು ಅಗಿದು, ದವಡೆ ಅಂಟಿಕೊಂಡು, ಅರ್ಧ ದಿನ ಬಾಯಿ ಬಿಡಲಾರದೆ ಓಡಾಡಿತ್ತು. ಆದರೆ ಹೇಳಿದರೆ ಬೀಜ ಕೊಡಬೇಕು. ಇರುವುದು ಹನ್ನೆರಡೇ. ಮರ ಒಂದು ಹಗಲೆಲ್ಲ ಸುಮ್ಮನಿತ್ತು. ಸಂಜೆಗೆ ಅದರ ಎಲೆಗಳೆಲ್ಲ ಮುದುಡಿಕೊಂಡವು.

ಮರುದಿನ ಬೆಳಿಗ್ಗೆ ಅದು ಕರೆಯಿತು. “ಮಾಳವ್ವ, ನನ್ನ ಬೀಜದಲ್ಲಿ ಒಳ್ಳೆಯ ಅಂಟಿದೆ. ಇಲಿ ಮುಟ್ಟುವುದಿಲ್ಲ, ಚಳಿಗೆ ಮುರಿಯುವುದೂ ಇಲ್ಲ. ತುದಿಯ ಕೊಂಬೆಯಲ್ಲಿ ಹನ್ನೆರಡು ಬೀಜ ಇವೆ. ತಗೋ.”

ಮಾಳವ್ವ ತಲೆ ಎತ್ತಿದಳು. “ಹನ್ನೆರಡೇ? ಅಷ್ಟನ್ನೂ ಯಾರಿಗಾಗಿ ಇಟ್ಟಿದ್ದೆ ಅಕ್ಕ?”

“ಮಕ್ಕಳಾಗಲಿ ಅಂತ ಇಟ್ಟಿದ್ದೆ. ನಿನ್ನ ಮನೆಯ ಕೂಸು ಈಗಾಗಲೇ ಹುಟ್ಟಿದೆ. ನನ್ನವು ಇನ್ನೂ ಹುಟ್ಟಿಲ್ಲ. ತಗೋ, ಮತ್ತೆ ಕೇಳಬೇಡ.”

ಮಾಳವ್ವ ಮರ ಹತ್ತಿ ನಾಲ್ಕೂ ಕಾಯಿಗಳನ್ನು ಇಳಿಸಿದಳು. ಮೂರು ಬೀಜ ನೆನೆಸಿ, ಅರೆದು, ನೀರಲ್ಲಿ ಕುದಿಸಿದಳು. ಎರಡು ಬೆರಳಿನ ನಡುವೆ ಹಿಡಿದು ಎಳೆದರೆ ನೂಲಾಗುವಂಥ ಗಂಜಿ ಬಂತು. ಹುಲ್ಲಿನ ಬೇರುಗಳನ್ನು ಕಟ್ಟಿ ಕುಂಚ ಮಾಡಿಕೊಂಡು ಎಳೆಗಳ ಮೇಲೆ ಸವರಿದಳು. ಜುಂಗು ಕೂತಿತು. ನೂಲು ನುಣ್ಣಗಾಯಿತು. ಒಣಗಿದ ಮೇಲೆ ಬೆರಳಲ್ಲಿ ಮೀಟಿದರೆ ‘ಟಣ್’ ಅಂದಿತು.

“ಕೆಂಚೀ, ಬಾ ಇಲ್ಲಿ, ಕೇಳು ಇದರ ಸದ್ದು!” ಎಂದು ಮಾಳವ್ವ ಕೂಗಿದಳು. ಅವತ್ತಿನಿಂದ ಅವಳು ಊಟಕ್ಕೆ ಮಾತ್ರ ಏಳುತ್ತಿದ್ದಳು.

ಮೂರು ಬೀಜ ಮುಗಿಯಿತು. ಆರು ಮುಗಿಯಿತು. ಒಂಬತ್ತು ಮುಗಿಯಿತು. ಕಂಬಳಿ ಕೂಸಿಗೂ ತಾಯಿಗೂ ಸಾಕಾಗುವಷ್ಟು ಬೆಳೆಯಿತು. ಇನ್ನು ಒಂದು ಮೊಳ ನೇಯ್ದರೆ ಕೆಂಚಿಯ ಕಾಲೂ ಪೂರ್ತಿ ಮುಚ್ಚುತ್ತಿತ್ತು. ಅಲ್ಲಿಗೆ ಗಂಜಿ ಮುಗಿಯಿತು. ಮಾಳವ್ವನ ಮಡಿಲಲ್ಲಿ ಮೂರು ಬೀಜ ಉಳಿದಿತ್ತು.

“ಅವ್ವಾ, ಅದನ್ನೂ ಅರೆದುಬಿಡು” ಎಂದಳು ಕೆಂಚಿ. “ನಾಳೆ ದೊಡ್ಡ ಗಾಳಿ ಬರುತ್ತದೆ.”

“ಇಲ್ಲ.”

“ಮರವೇ ಎಲ್ಲ ತಗೋ ಅಂತು. ನನ್ನ ಕೂಸಿಗಿಂತ ಬೀಜ ಹೆಚ್ಚೇ ನಿನಗೆ?”

ಮಾಳವ್ವ ಮಗಳನ್ನು ಹತ್ತಿರ ಕೂರಿಸಿಕೊಂಡಳು. “ಕಾಲು ಹೊರಗೆ ಬಂದರೆ ಮಡಚಿಕೊಂಡು ಮಲಗು. ಕಾಲಿಗೆ ನಾನು ಎಲೆ ಹೊದಿಸುತ್ತೇನೆ. ಇವು ಆ ತಾಯಿಯ ಕೂಸುಗಳು ಕೆಂಚಿ. ನಮ್ಮ ಕೂಸು ಉಳಿಯಲಿ ಅಂತ ಅವಳ ಕೂಸನ್ನು ನಾನು ಅರೆಯಲಾರೆ.”

ಕೆಂಚಿ ಎದ್ದು ಕಂಬಳಿಯ ಮುಂದೆ ಕೂತಳು. ನೇಯದೆ ಉಳಿದ ಎಳೆಗಳನ್ನು ತಾನೇ ಜಡೆ ಹಾಕಿ ಗಂಟು ಕಟ್ಟಿದಳು.

ಮರುದಿನ ಅಣ್ಣಗಾಳಿ ಬಂದ. ನಿಂತು ಮಾತಾಡಲಿಲ್ಲ. ಬೇವಿನ ಕೊಂಬೆ ಮುರಿದ, ಗುಡಿಸಲಿನ ಅರ್ಧ ಸೂರು ಕಿತ್ತ. ಕಂಬಳಿಯ ಮೇಲೆ ಬಿದ್ದು, ಎಲ್ಲಿ ಸಂದಿ ಇದೆ ಎಂದು ಹುಡುಕಿದ. ಎಳೆಗಳು ಒಂದಕ್ಕೊಂದು ಒತ್ತಾಗಿ ಕೂತಿದ್ದವು. ಮೂರು ದಿನ ಹುಡುಕಿದ. ಮೂರು ದಿನವೂ ಸಿಗಲಿಲ್ಲ. ನಾಲ್ಕನೆಯ ದಿನ ಸುಮ್ಮನೆ ಪಡುವಣಕ್ಕೆ ಹೊರಟುಹೋದ. ಕಂಬಳಿಯ ಒಳಗೆ ಕೂಸು ಮುಷ್ಟಿ ಬಾಯಿಗಿಟ್ಟುಕೊಂಡು ಚೀಪುತ್ತಿತ್ತು. ಅದರ ಕೆನ್ನೆ ಕೆಂಪಗೆ ಬೆಚ್ಚಗಿತ್ತು.

ಮಾಳವ್ವ ಮೂರು ಬೀಜ ಹಿಡಿದು ಮರದ ಮುಂದೆ ನಿಂತಳು.

ಮರ ಕೊಂಬೆ ಬಗ್ಗಿಸಿ ನೋಡಿತು. “ಉಳಿಸಿದೆಯಾ?” ಎಂದಿತು. ಮತ್ತೆ ತಾನೇ ಸಪ್ಪಗಾಯಿತು. “ಆದರೆ ಹೀಗೇ ಹೂತರೆ ಇರುವೆ ತಿನ್ನುತ್ತದೆ. ಇರುವೆ ಬಿಟ್ಟರೆ ಕೋತಿ ಅಗೆದು ತಿನ್ನುತ್ತದೆ. ನನ್ನ ಮಕ್ಕಳು ಬಲು ಮೆತ್ತಗೆ.”

“ಕೂಸು ಮೆತ್ತಗೇ ಇರುತ್ತದೆ ಅಕ್ಕ. ಬರಿಮೈಯಲ್ಲಿ ಬಿಡಬಾರದು, ಅಷ್ಟೇ” ಎಂದಳು ಮಾಳವ್ವ. “ನನಗೆ ಬಿಡು.”

ಅವಳು ಕೆಮ್ಮಣ್ಣಿಗೆ ಒಲೆಯ ಮಸಿ ಕಲಸಿ, ಒಂದೊಂದು ಬೀಜಕ್ಕೂ ತೆಳ್ಳಗೆ ಬಳಿದಳು. ಒಲೆಯ ಕೆಂಡದ ಪಕ್ಕ ಬಿಸಿ ಬೂದಿಯಲ್ಲಿಟ್ಟು ಕಾಯಿಸಿದಳು. ಉಣ್ಣೆಯಲ್ಲಿ ಉಜ್ಜಿ ಉಜ್ಜಿ ಮಿರಮಿರ ಮಿಂಚುವ ಹಾಗೆ ಮಾಡಿದಳು. ಅದು ಮೊದಲ ಅಂಗಿ.

ಬೀಜ ತೆಗೆದು ಇಟ್ಟಿದ್ದ ಹುಣಸೆಹಣ್ಣಿನ ತಿರುಳಿಗೆ ಎಂಟು ದಿನದ ಹುಳಿ ಮಜ್ಜಿಗೆ ಹಾಕಿ ನಾದಿ, ಬೀಜದ ಸುತ್ತ ಮೆತ್ತಿದಳು. ಅದು ಎರಡನೆಯ ಅಂಗಿ. ಅದು ಜಾರದಂತೆ ಉಣ್ಣೆಯ ಎಳೆ ಉದ್ದಕ್ಕೆ ಸುತ್ತಿದಳು. ಅದರ ಮೇಲೆ ಒಣಮಣ್ಣಿನ ಗಟ್ಟಿ ಹೊದಿಕೆ ಹಾಕಿದಳು. ಬೀಜಗಳನ್ನು ಕೈಯಲ್ಲಿ ತೂಗಿ ನೋಡಿ, ನಗುತ್ತಾ, “ಇನ್ನು ಯಾರು ಬರುತ್ತಾರೋ ಬರಲಿ” ಎಂದು ನೆಲದಲ್ಲಿ ಹೂತಳು.

ಬಂದದ್ದು ಕೋತಿ. ಮಾಳವ್ವ ಅತ್ತ ಕುರಿ ಹೊಡೆದುಕೊಂಡು ಹೋದದ್ದೇ ತಡ, ಮೂರನ್ನೂ ಅಗೆದು ತೆಗೆಯಿತು. ಮಣ್ಣಿನ ಹೊದಿಕೆ ಒಡೆಯಿತು. ಎಳೆಗಳು ಹಲ್ಲಿಗೆ ಸಿಕ್ಕಿಕೊಂಡವು. ತಿರುಳು ನಾಲಿಗೆಗೆ ತಾಗಿದ್ದೇ ಒಂದು ಕಣ್ಣು ಮುಚ್ಚಿತು, ಮೂತಿ ಸೊಟ್ಟಗಾಯಿತು, ಮೈಯೆಲ್ಲ ಝುಮ್ ಎಂದಿತು. ಆದರೂ ಬಿಡದೆ ಬೀಜ ಕಚ್ಚಿತು.

“ಅಯ್ಯಯ್ಯೋ ನನ್ನ ಹಲ್ಲು!”

ಕೋಪ ಬಂದು ಕೋತಿ ಒಂದು ಬೀಜವನ್ನು ಹೊಳೆಯ ಆಚೆ ಎಸೆಯಿತು. ಇನ್ನೊಂದನ್ನು ಗುಡ್ಡದ ಆಚೆ ಎಸೆಯಿತು. ಮೂರನೆಯದನ್ನು ಅಲ್ಲೇ ಥೂ ಎಂದು ಉಗಿದು ಓಡಿತು.

“ನಾನಾಗಿದ್ದರೆ ಅಷ್ಟು ದೂರ ಎಲ್ಲಿ ಕಳಿಸುತ್ತಿದ್ದೆ!” ಎಂದು ಹುಣಸೆಮರ ಕೊಂಬೆ ಅಲುಗಿಸಿ ನಕ್ಕಿತು.

ಮಳೆ ಬಂತು. ನೆಲ ತನ್ನ ಮಾತು ಉಳಿಸಿಕೊಂಡಿತು. ಹೊಳೆಯ ಆಚೆ ಒಂದು ಸಸಿ, ಗುಡ್ಡದ ಆಚೆ ಒಂದು ಸಸಿ, ತಾಯಿಯ ಬುಡದಲ್ಲಿ ಒಂದು ಸಸಿ. ಕೆಂಚಿಯ ಕೂಸು ನಡೆಯಲು ಕಲಿತದ್ದು ಆ ಬುಡದ ಸಸಿಯನ್ನು ಹಿಡಿದುಕೊಂಡೇ. ಅವು ಬೆಳೆದು ಕಾಯಿ ಬಿಟ್ಟಾಗ ಎಲ್ಲರೂ ನೋಡಿದರು. ಮಾಳವ್ವ ತೊಡಿಸಿದ ಅಂಗಿಗಳನ್ನು ಆ ಮರಗಳು ಒಂದನ್ನೂ ಮರೆಯದೆ ತಮ್ಮ ಮಕ್ಕಳಿಗೂ ತೊಡಿಸಿದ್ದವು.

ಹುಣಸೆಹಣ್ಣು ಇಷ್ಟು ಹುಳಿ ಯಾಕೆ, ಬಿಡಿಸುವಾಗ ಉದ್ದುದ್ದ ನಾರು ಯಾಕೆ ಬರುತ್ತದೆ, ಸಿಪ್ಪೆ ಒಣಮಣ್ಣಿನ ಬಣ್ಣ ಯಾಕೆ ಅಂತ ಈಗ ಗೊತ್ತಾಯಿತಲ್ಲ. ಕಂಬಳಿ ನೇಯುವವರು ಈಗಲೂ ಹುಣಸೆ ಬೀಜ ಹುರಿದು, ಅದರ ಅಂಗಿ ಬಿಡಿಸಿ, ನೆನೆಸಿ ಅರೆದು, ಗಂಜಿ ಕಾಯಿಸಿ ನೂಲಿಗೆ ಸವರುತ್ತಾರೆ. ಮತ್ತೆ ನೀವು, ಹುಣಸೆ ಬೀಜವನ್ನು ಕಲ್ಲಿಗೆ ಗಸಗಸ ಉಜ್ಜಿ ಗೆಳೆಯರ ತೋಳಿಗೆ ಮುಟ್ಟಿಸಿದಾಗ ಚುರ್ ಎನ್ನುತ್ತದಲ್ಲ, ಅದು ಮಾಳವ್ವನ ಒಲೆಯ ಬಿಸಿ, ಇನ್ನೂ ಆರಿಲ್ಲ.