ಹನ್ನೊಂದಕ್ಕೆ ನಿಂತ ಎಣಿಕೆ

ಇಟಲಿಯ ಪೋ ನದಿಯ ದಂಡೆ. ಹಿರಿಯ ಛಾಯಾಗ್ರಾಹಕ ಒರೆಸ್ತೆ ಅವರಿಗೆ ಇದೇ ಕೊನೆಯ ಸಿನಿಮಾ. ದೀಪ ಹೊರುವ ಕೆಲಸಕ್ಕೆ ಸೇರಿ ಕ್ಯಾಮೆರಾದ ತನಕ ಬಂದವರು. ಈಗ ಕಣ್ಣು ಮಂಜು. ಎಲ್ಲರೂ ಅವರನ್ನು ಮಾಯೆಸ್ತ್ರೊ, ಅಂದರೆ ಗುರುವೇ, ಎಂದು ಕರೆಯುತ್ತಿದ್ದರು.

ಅವರ ಶಿಷ್ಯೆ ನೆವಿಯಾ.

"ಇವತ್ತಿನ ಶಾಟ್ ಇವಳೊಬ್ಬಳೇ ತೆಗೆಯಲಿ. ಚೆನ್ನಾಗಿ ಬಂದರೆ ಮುಂದಿನ ಸಿನಿಮಾ ಇವಳಿಗೆ" ಎಂದಿದ್ದ ನಿರ್ಮಾಪಕ.

ಮಗನನ್ನು ಹೊಳೆಗೆ ಕಳೆದುಕೊಂಡ ತಾಯಿಯ ದೃಶ್ಯ. ಆ ಕಾಲದಲ್ಲಿ ಅಲ್ಲಿ ದನಿಯನ್ನು ಆಮೇಲೆ ಸ್ಟುಡಿಯೋದಲ್ಲಿ ಕೂಡಿಸುತ್ತಿದ್ದರು. ಮಾತು ಮರೆತ ನಟರು ಸುಮ್ಮನೆ ಅಂಕಿ ಎಣಿಸಿದರೂ ನಡೆಯುತ್ತಿತ್ತು. ಹಿರಿಯ ನಟಿ ಇರ್ಮಾ ನೀರಿನತ್ತ ನೋಡುತ್ತ ಎಣಿಸತೊಡಗಿದರು.

"ಒಂಬತ್ತು... ಹತ್ತು... ಹನ್ನೊಂದು..."

ಮೋಡ ಕವಿಯಿತು.

"ನಿಲ್ಲಿಸಿ" ಎಂದಳು ನೆವಿಯಾ. "ಬೆಳಕು ಹೋಯ್ತು."

ಇರ್ಮಾ ಕಣ್ಣೀರು ಒರೆಸಿಕೊಂಡು, ದೂರ ಹೋಗಿ ಕುಳಿತರು.

"ಹನ್ನೊಂದು ಅಂದಾಗ ದನಿ ಒಡೀತಲ್ಲ, ಕೇಳಿಸ್ತಾ ಮಗಳೇ?" ಒರೆಸ್ತೆ ಮೆಲ್ಲಗೆ ಕೇಳಿದರು.

"ದನಿ ನಮ್ಮ ಕೆಲಸ ಅಲ್ವಲ್ಲ ಮಾಯೆಸ್ತ್ರೊ. ಆಮೇಲೆ ಹಾಕ್ತಾರೆ."

"ಹೌದು ಹೌದು. ಅಳೋ ಮುಖಾನೂ ಆಮೇಲೆ ಹಾಕಿಸೋಣ. ಅಂಗಡೀಲಿ ಸಿಗುತ್ತಾ ನೋಡು."

ಬಿಸಿಲು ಮರಳಿತು. ಇರ್ಮಾ ಮತ್ತೆ ಬಂದು ನಿಂತರು. ಬೆಳಕು ಬೆಣ್ಣೆಯ ಹಾಗೆ ಕೆನ್ನೆಗೆ ಹತ್ತಿತು. ಹನ್ನೊಂದು ಬಂತು, ಹೋಯಿತು. ಇಪ್ಪತ್ತೂ ಬಂತು. ಸಂತೆಯಲ್ಲಿ ಮೊಟ್ಟೆ ಎಣಿಸಿದ ಹಾಗಿತ್ತು.

"ಭೇಷ್" ಎಂದ ನಿರ್ಮಾಪಕ. "ಎಂಥ ಬೆಳಕು. ಮುಂದಿನ ಸಿನಿಮಾ ನಿನ್ನದೇ ಬಿಡಮ್ಮ."

ನೆವಿಯಾ ಗುರುವಿನತ್ತ ನೋಡಿದಳು. ಅವರು ಬಗ್ಗಿ ಬೂಟು ಬಿಚ್ಚುತ್ತಿದ್ದರು. ಸುಮ್ಮನಿದ್ದುಬಿಟ್ಟರೆ ಆಯಿತು, ಸಿನಿಮಾ ತನ್ನದು.

ಅವಳು ಕ್ಯಾಮೆರಾ ಬಿಟ್ಟು ಈಚೆ ಬಂದಳು.

"ಇದು ಬೇಡ. ಇದರಲ್ಲಿ ಬೆಳಕು ಬಿಟ್ರೆ ಬೇರೇನೂ ಇಲ್ಲ. ಇರ್ಮಾ ಅಮ್ಮ ಸ್ವಲ್ಪ ಸುಧಾರಿಸಿಕೊಳ್ಳಲಿ. ಇನ್ನೊಂದ್ಸಲ ತೆಗೀತೀನಿ. ಮೋಡ ಇದ್ರೂ ಸರಿ."

ನಿರ್ಮಾಪಕ ಹುಬ್ಬು ಗಂಟಿಕ್ಕಿದ.

"ಅವರು ಮತ್ತೆ ಅಳದೇ ಹೋದ್ರೆ? ನಾನು ಬೇರೆಯವರನ್ನ ನೋಡ್ಕೋಬೇಕಾಗುತ್ತೆ." ಅವನು ಒರೆಸ್ತೆಯವರತ್ತ ತಿರುಗಿದ. "ನೀವಾದ್ರೂ ಹೇಳಿ ಮಾಯೆಸ್ತ್ರೊ. ಎಷ್ಟು ಹೊತ್ತು ಅಂತ ಕಾಯೋದು?"

ಒರೆಸ್ತೆ ಹೊಳೆಗೆ ಕಾಲು ಇಳಿಬಿಟ್ಟು ಕುಳಿತರು.

"ನನ್ನನ್ನ ಯಾಕೆ ಕೇಳ್ತೀರಿ? ಛಾಯಾಗ್ರಾಹಕಿ ಅಲ್ಲಿ ನಿಂತಿದ್ದಾಳೆ."