ಹುಲಿಗನೂರಿನ ಬೆನ್ನುಗಲ್ಲು

ಹುಲಿಗನೂರನ್ನು ನೋಡಲು ಬರುವವರು ಈಗ ನಡೆದೇ ನೋಡುತ್ತಾರೆ. ಭಾನುವಾರ ಬೆಳಿಗ್ಗೆ ಬಸ್ ನಿಲ್ದಾಣದ ಎದುರಿನ ಖಾನಾವಳಿಯ ಮುಂದೆ ಟೊಪ್ಪಿ ಹಾಕಿಕೊಂಡ ಹತ್ತಿಪ್ಪತ್ತು ಜನ ಸೇರುತ್ತಾರೆ. ಗೈಡ್ ವೀರಭದ್ರ ಕೊರಳಿಗೆ ಸಣ್ಣದೊಂದು ಸ್ಪೀಕರ್ ತೂಗುಹಾಕಿಕೊಂಡು ಬಂದ ಮೇಲೆ ಕೋಟೆಯ ಯುದ್ಧಸ್ಮಾರಕಗಳ ಕಾಲ್ನಡಿಗೆ ಶುರುವಾಗುತ್ತದೆ. ಮೊದಲು ಅಗಸೆಬಾಗಿಲ ಬಳಿಯ ವೀರಗಲ್ಲುಗಳ ಸಾಲು, ಆಮೇಲೆ ಮದ್ದಿನ ಮನೆ, ಆಮೇಲೆ ತೋಪಿನ ಏಟಿಗೆ ಉರುಳಿದ ಗೋಡೆ, ಕಡೆಗೆ ಕಮ್ಮಾರರ ಓಣಿಯ ಹಿಂದಿನ ದಿಡ್ಡಿ ಬಾಗಿಲು. ನಾನು ಈ ಊರಿನಲ್ಲೇ ಹುಟ್ಟಿ ಇಲ್ಲೇ ಹಲ್ಲು ಉದುರಿಸಿಕೊಂಡವನು. ಆದರೂ ಮಂಡಿ ನೋಯದ ಭಾನುವಾರಗಳಲ್ಲಿ ಅವರ ಹಿಂದೆ ಹೋಗುತ್ತೇನೆ. ಊರು ನೋಡುವುದಕ್ಕಲ್ಲ, ವೀರಭದ್ರ ಈ ವಾರ ಏನೇನು ಸೇರಿಸಿದ್ದಾನೆ, ಏನೇನು ನುಂಗಿದ್ದಾನೆ ಎಂದು ಕೇಳುವುದಕ್ಕೆ.

ಕತ್ತು ಬಗ್ಗಿಸಿ ದಿಡ್ಡಿ ಬಾಗಿಲು ದಾಟಿದರೆ ಎಡಕ್ಕೆ ಹಿಂದೆ ಕಾವಲಿನವರು ನಿಲ್ಲುತ್ತಿದ್ದ ದೊಡ್ಡ ಬತೇರಿ ಗೋಡೆಯಿಂದ ಹೊಟ್ಟೆ ಮುಂದೆ ಮಾಡಿಕೊಂಡು ನಿಂತಿದೆ. ಅದರ ಬುಡದಲ್ಲಿ ಆಳೆತ್ತರದ ಒಂದು ಕಲ್ಲಿದೆ. ಊರವರು ಅದನ್ನು ಬೆನ್ನುಗಲ್ಲು ಎನ್ನುತ್ತಾರೆ. ಉಳಿದ ವೀರಗಲ್ಲುಗಳೆಲ್ಲ ದಾರಿಗೆ ಮುಖ ಮಾಡಿ, ಬಂದವರಿಗೆ ತಮ್ಮ ಕತ್ತಿ ಗುರಾಣಿ ತೋರಿಸುತ್ತ ನಿಂತಿದ್ದರೆ ಇದೊಂದು ಮಾತ್ರ ದಾರಿಗೆ ಬೆನ್ನು ಹಾಕಿ ಕೋಟೆಯತ್ತ ತಿರುಗಿದೆ. ಬಯಲಿನ ಕಡೆಯಿಂದ ಬಂದವರಿಗೆ ಕಾಣುವುದು ಒರಟು ಹಿಂಭಾಗ, ಅದರ ನಡುವೆ ಹೆಬ್ಬೆರಳು ಹಿಡಿಸುವಷ್ಟು ಒಂದು ಗುಳಿ, ಗುಳಿಯ ಸುತ್ತ ಬೆಣ್ಣೆ ಹಚ್ಚಿ ಹಚ್ಚಿ ಕಪ್ಪಾದ ಜಿಡ್ಡು, ಇಷ್ಟೇ. ಈ ಕಲ್ಲಿನ ವೀರ ಎಷ್ಟು ತೇಜಸ್ವಿಯಾಗಿದ್ದನೆಂದರೆ ಅವನ ಕಣ್ಣು ಎದುರಿಸಲಾರದೆ ಶತ್ರುಗಳೇ ಕಲ್ಲನ್ನು ತಿರುಗಿಸಿಟ್ಟು ಹೋದರು ಎಂದು ವೀರಭದ್ರ ಹೇಳುತ್ತಾನೆ. ಹೋದ ವರ್ಷ ಅವನ ಬಾಯಲ್ಲಿ ಇದೇ ಕಲ್ಲು ಭೂಕಂಪಕ್ಕೆ ತಿರುಗಿತ್ತು. ಪಕ್ಕದಲ್ಲಿ ನೆಟ್ಟ ತಗಡಿನ ಫಲಕ ಮೂರನೆಯದೊಂದು ಮಾತು ಹೇಳುತ್ತದೆ. ಒಂದು ಕಲ್ಲಿಗೆ ಇಷ್ಟು ಕಾರಣಗಳು ಹುಟ್ಟಿಕೊಂಡರೆ ಯಾರೋ ಏನನ್ನೋ ಮುಚ್ಚಿಡುತ್ತಿದ್ದಾರೆ ಎಂದೇ ನನ್ನ ಅನುಮಾನ. ನಮ್ಮ ಅಜ್ಜಿಯ ಕಾಲದ ಹೆಂಗಸರು ಹೇಳುತ್ತಿದ್ದದ್ದು ಬೇರೆ. ನಾನು ನಂಬುವುದು ಅದನ್ನು, ಅದೂ ಅದರಲ್ಲಿ ಯಾರಿಗೂ ಹೊಗಳಿಕೆ ಇಲ್ಲ ಎಂಬ ಒಂದೇ ಕಾರಣಕ್ಕೆ.

ಹಿಂದೆ ಒಮ್ಮೆ ಹುಲಿಗನೂರಿಗೆ ಮುತ್ತಿಗೆ ಬಿತ್ತು. ಮುತ್ತಿದ ದಂಡು ಯಾವುದೆಂಬುದರಲ್ಲಿ ಒಮ್ಮತವಿಲ್ಲ. ನಮ್ಮ ಕಡೆಗೆ ಆಗ ದಂಡುಗಳಿಗೇನು ಬರಗಾಲವಿರಲಿಲ್ಲ. ಕೋಟೆಯನ್ನು ಕಾಯುತ್ತಿದ್ದವನು ಕಿಲ್ಲೇದಾರ ಸರ್ಜಪ್ಪನಾಯಕ. ಗೋಡೆ ಗಟ್ಟಿಯಿತ್ತು, ಬಾವಿಯಲ್ಲಿ ನೀರಿತ್ತು, ಹಗೇವುಗಳಲ್ಲಿ ಜೋಳವಿತ್ತು. ಮೊದಲು ಮುಗಿದದ್ದು ಗುಂಡಿನ ಸೀಸ. ಆಗ ಕಮ್ಮಾರ ಮಾನಪ್ಪನ ತಾಯಿ ಕಾಳವ್ವ ತವರಿನಿಂದ ತಂದ ಹಿತ್ತಾಳೆ ಕೊಡವನ್ನು ಮಗನ ಕುಲುಮೆಯ ಮುಂದೆ ತಂದಿಟ್ಟಳಂತೆ. ಅದನ್ನು ನೋಡಿ ಓಣಿ ಓಣಿಯಿಂದ ತಂಬಿಗೆ, ದೀಪದ ಸಮೆ, ಹರಿವಾಣ, ತೊಟ್ಟಿಲ ಸರಪಳಿ ಬಂದವು. ಮಾನಪ್ಪ ಅವನ್ನೆಲ್ಲ ಕರಗಿಸಿ ಗುಂಡು ಎರೆದ. ಬಯಲಿನಿಂದ ಬರುತ್ತಿದ್ದ ಗುಂಡು ಕಪ್ಪು ಸೀಸದ್ದು, ಕೋಟೆಯಿಂದ ಹೋಗುತ್ತಿದ್ದದ್ದು ಹಳದಿ ಹಿತ್ತಾಳೆಯದು. ಊರಿನ ಮಕ್ಕಳು ಕೂಡ ಈ ವ್ಯತ್ಯಾಸ ಬಲ್ಲವರಾಗಿದ್ದರು ಎನ್ನುತ್ತಾರೆ.

ಗೋಡೆ ಜಗ್ಗದಿದ್ದಾಗ ದಂಡಿನವರು ಬೇರೆ ಉಪಾಯ ಹೂಡಿದರು. ಬೈಗಿನ ಹೊತ್ತಿಗೆ ನಾಲ್ಕಾರು ಜನ ಗುಂಡಿಗೆ ಸಿಗದಷ್ಟು ದೂರದಲ್ಲಿ ನಿಂತು, ಊರವರಲ್ಲಿ ಒಬ್ಬನ ಹೆಸರು ಹಿಡಿದು, ನಂಟನನ್ನು ಕರೆದಂತೆ ಕೂಗುತ್ತಿದ್ದರು. “ಬಸಲಿಂಗಪ್ಪೋ! ಹೇಳಿದ ಮಾತು ನೆನಪೈತಿಲ್ಲೋ?” ಎನ್ನುವರು, ನಗುವರು, ಹೋಗುವರು. ಹೆಸರುಗಳನ್ನು ಸಂತೆಗೆ ಬರುತ್ತಿದ್ದ ಹೇರಿನವರಿಂದ ತಿಳಿದುಕೊಂಡಿರಬೇಕೆಂದು ಈಗ ನಾವು ಸುಲಭವಾಗಿ ಹೇಳುತ್ತೇವೆ. ಆದರೆ ಆ ಬೈಗಿನಲ್ಲಿ ತನ್ನ ಹೆಸರು ಕೇಳಿಸಿಕೊಂಡವನ ಗತಿ ಬೇರೆಯೇ ಆಗುತ್ತಿತ್ತು. ಮರುದಿನ ಅವನು ಕಟ್ಟೆಗೆ ಬಂದರೆ ಉಳಿದವರು ಎದ್ದು ಹೋಗುತ್ತಿದ್ದರು. ಅವನಿಗೆ ಎಲೆ ಅಡಿಕೆ ಕೊಡುವವರಿಲ್ಲ, ಅವನ ಪಹರೆಯ ಮೇಲೆ ಇನ್ನೊಂದು ಪಹರೆ. ಕೂಗಿಸಿಕೊಂಡವನು ಮುಂದಿನವನ ಹೆಸರು ಬರಲೆಂದು ಕಾಯುತ್ತಿದ್ದ, ಬಂದಾಗ ಎಲ್ಲರಿಗಿಂತ ಮೊದಲು ತಾನೇ ಅವನತ್ತ ಬೆರಳು ತೋರಿಸುತ್ತಿದ್ದ. ಹೀಗೆ ಒಂದು ಗುಂಡನ್ನೂ ಖರ್ಚು ಮಾಡದೆ ಹೊರಗಿನವರು ಒಳಗಿನವರನ್ನು ಒಬ್ಬರಿಂದೊಬ್ಬರು ಬಿಡಿಸಿಟ್ಟರು. ಒಂದು ಬೈಗು ಅವರು ಮಾನಪ್ಪನ ಹೆಸರು ಕೂಗಿದರು. ಮರುದಿನ ಕಿಲ್ಲೇದಾರನ ಆಳುಗಳು ಬಂದು ಗುಂಡು ಎರೆಯುವ ಅಚ್ಚನ್ನು ಎತ್ತಿಕೊಂಡು ಹೋದರು. ತಮ್ಮ ತಂಬಿಗೆಗಳನ್ನು ಆ ಕುಲುಮೆಗೆ ಸುರಿದಿದ್ದ ಹೆಂಗಸರೇ ಕಾಳವ್ವನನ್ನು ಬಾವಿಕಟ್ಟೆಯಲ್ಲಿ ಕಂಡು ಸೆರಗು ಒತ್ತಿ ಹಿಡಿದು ದೂರ ಸರಿದರು.

ಅಷ್ಟರಲ್ಲಿ ದಂಡಿಗೆ ಒಂದು ದೊಡ್ಡ ತೋಪು ಬಂತು. ಅದನ್ನು ಬಯಲಿನ ದಿಬ್ಬದ ಮೇಲೆ, ದಿಡ್ಡಿ ಬಾಗಿಲಿಗೆ ನೇರವಾಗಿ ನಿಲ್ಲಿಸಿದರು. ತೋಪಿನ ಹಿಂಬದಿಯಲ್ಲಿ ಕಿಡಿ ಮುಟ್ಟಿಸುವ ತೂತಿರುತ್ತದೆ. ಅದಕ್ಕೆ ಕಬ್ಬಿಣದ ಮೊಳೆ ಬಡಿದು ತಲೆ ಮುರಿದರೆ ಎಂಥ ತೋಪೂ ಬರೀ ಕೊಳವೆ. ಮಾನಪ್ಪ ಅಂಥದೊಂದು ಮೊಳೆ ಕಾಸಿ ತಟ್ಟಿಟ್ಟುಕೊಂಡ. ನಸುಕಿನಲ್ಲಿ ದಂಡಿನ ಕಾವಲು ಬದಲಾಗುವಾಗ ದಿಬ್ಬದ ಮೇಲೆ ಯಾರೂ ಇರುವುದಿಲ್ಲವೆಂಬುದನ್ನು ಅವನು ಗೋಡೆಯ ಮೇಲಿನಿಂದ ನೋಡಿಕೊಂಡಿದ್ದ. ಕಿಲ್ಲೇದಾರನಿಗೆ ಒಂದು ಮಾತು ಹೇಳಿಯೇ ಹೋಗು ಎಂದು ಕಾಳವ್ವ ಅವನ ಕೈ ಹಿಡಿದುಕೊಂಡಳಂತೆ.

“ಹೇಳಿದ್ರ ಬಿಡಂಗಿಲ್ಲವ್ವ. ಬಿಟ್ರೂ ಸುದ್ದಿ ನನಗಿಂತ ಮೊದಲ ಕೆಳಗ ಹೋಗಿರತೈತಿ. ಈ ಊರಾಗ ಯಾರನ್ನ ನಂಬ್ಲಿ?” ಎಂದನಂತೆ ಮಾನಪ್ಪ.

ಊರು ಅವನನ್ನು ನಂಬಲಿಲ್ಲ, ಅವನು ಊರನ್ನು ನಂಬಲಿಲ್ಲ. ಈ ಐತಿಹ್ಯದಲ್ಲಿ ನನ್ನ ಹೊಟ್ಟೆ ಉರಿಯುವುದು ಇಲ್ಲಿಯೇ. ದಿಡ್ಡಿ ಬಾಗಿಲಿನ ಅಗುಳಿ ಅವನೇ ಮಾಡಿದ್ದು, ಸದ್ದಿಲ್ಲದೆ ತೆಗೆದು ಹೊರಬಿದ್ದ. ಒಂದು ಕೈಯಲ್ಲಿ ಸುತ್ತಿಗೆ, ಇನ್ನೊಂದರಲ್ಲಿ ಮೊಳೆ. ಬಯಲಿನಲ್ಲಿ ಬಗ್ಗಿ ಓಡತೊಡಗಿದ್ದನಷ್ಟೇ, ಬತೇರಿಯ ಮೇಲಿಂದ ಯಾರೋ “ಓಡಿದಾ! ಮಾನ್ಯಾ ಓಡಿದಾ!” ಎಂದು ಕೂಗಿದರು. ಒಂದು ಬಂದೂಕು ಹಾರಿತು. ಅವನು ಮುಗ್ಗರಿಸಿ ಬಿದ್ದ, ಮತ್ತೆ ಏಳಲಿಲ್ಲ. ದಿಬ್ಬದ ಮೇಲಿನ ತೋಪು ಬಿಸಿಲೇರುವ ಹೊತ್ತಿಗೆ ಗರ್ಜಿಸತೊಡಗಿ, ಮಧ್ಯಾಹ್ನದೊಳಗೆ ಗೋಡೆಯನ್ನು ಉರುಳಿಸಿತು. ಕಾಲ್ನಡಿಗೆಯವರು ಈಗ ಫೋಟೋ ತೆಗೆಸಿಕೊಳ್ಳುವುದು ಆ ಬಿರುಕಿನಲ್ಲಿ ನಿಂತೇ. ಅಲ್ಲಿ ಊರಿನ ಎಷ್ಟೋ ಗಂಡಸರು ಸತ್ತರು. ಕೊನೆಗೆ ಸರ್ಜಪ್ಪನಾಯಕ ಕಪ್ಪ ಒಪ್ಪಿಕೊಂಡು ಶರಣಾದ ಮೇಲೆ ದಂಡು ಡೇರೆ ಕಿತ್ತಿತು.

ಹುಲಿಗನೂರಿನಲ್ಲಿ ಆಗ ಒಂದು ಪದ್ಧತಿಯಿತ್ತು. ಯುದ್ಧದಲ್ಲಿ ಸತ್ತವನ ಹೆಣವನ್ನು ಅಗಸೆಯ ಮುಂದೆ ಮಲಗಿಸಿ, ಮನೆಯವರು ಹಿರಿಯರ ಎದುರಿಗೇ ಮೈ ತೊಳೆಯಬೇಕು. ಗಾಯ ಎದೆಯಲ್ಲಿದ್ದರೆ ಅವನಿಗೆ ವೀರಗಲ್ಲು, ಕಲ್ಲಿನ ಎದೆಯ ಮೇಲೆ ಗಾಯದ ಗುರುತಿಗೆ ಒಂದು ಗುಳಿ. ಗಾಯ ಬೆನ್ನಿನಲ್ಲಿದ್ದರೆ ಅವನು ಓಡಿಹೋದವನು. ಅವನಿಗೆ ಕಲ್ಲಿಲ್ಲ, ಅವನ ಮನೆಯವರಿಗೆ ಊರಿನಲ್ಲಿ ನೀರಿಲ್ಲ, ಬೆಂಕಿಯಿಲ್ಲ. ಮಾನಪ್ಪನನ್ನು ಹೊತ್ತು ತಂದವರು ಹೆಣವನ್ನು ಬೋರಲಾಗಿಯೇ ಮಲಗಿಸಿದರು, ಎಲ್ಲರಿಗೂ ಕಾಣಲಿ ಎಂದು. ನಸುಕಿನಲ್ಲಿ ಇವನು ಹೊರಗೆ ಹೋದ, ಮಧ್ಯಾಹ್ನ ಗೋಡೆ ಬಿತ್ತು, ಗೋಡೆ ಎಲ್ಲಿ ಸಡಿಲವೆಂದು ಇವನೇ ತೋರಿಸಿಕೊಟ್ಟ ಎಂದು ಜನ ಆಗಲೇ ಲೆಕ್ಕ ಮುಗಿಸಿದ್ದರು. ಇವನ ತಾಯಿಯನ್ನು ಅದೇ ದಿಡ್ಡಿ ಬಾಗಿಲಿನಿಂದ ಹೊರಗೆ ಹಾಕಿ ಎಂದರು. ಅವನ ಮುಷ್ಟಿಯಲ್ಲಿನ್ನೂ ಮೊಳೆಯಿತ್ತು. ಅದನ್ನೂ ಅವರು ತಮಗೆ ಬೇಕಾದಂತೆಯೇ ಓದಿಕೊಂಡರು, ಹಗೆಯವರಿಗೆ ಒಯ್ದ ಕಾಣಿಕೆ ಎಂದರು. ಅನುಮಾನ ಹೊಕ್ಕ ತಲೆಗೆ ಯಾವುದೂ ಅಡ್ಡ ಬರುವುದಿಲ್ಲ.

ಕಾಳವ್ವ ಅಳಲಿಲ್ಲ, ಬೈಯಲಿಲ್ಲ. “ಹೊರಗ ಹಾಕ್ರಿ, ಹೋಗ್ತೀನಿ. ಮೈ ತೊಳಿಯೂದು ನಂದು. ಅದೊಂದು ಮಾಡಿ ಹೋಗ್ತೀನಿ” ಎಂದಳು. ಪದ್ಧತಿಯಾದ್ದರಿಂದ ಜನ ಸರಿದು ದಾರಿ ಬಿಟ್ಟರು. ಅವಳು ನೀರು ಹೊಯ್ದು, ಅಂಗೈಯಿಂದ ಮಗನ ಬೆನ್ನನ್ನು ಚಿಕ್ಕಂದಿನಲ್ಲಿ ಎರೆಯುತ್ತಿದ್ದಂತೆ ಉಜ್ಜಿದಳು. ಗಾಯದ ಬಳಿ ಅವಳ ಕೈ ನಿಂತಿತು. ಬೆರಳು ಹಾಕಿ ಒಳಗಿದ್ದದ್ದನ್ನು ತೆಗೆದಳು, ತೊಳೆದಳು, ಎದ್ದು ಹೋಗಿ ಹಿರಿಯರಲ್ಲಿ ಎಲ್ಲರಿಗಿಂತ ವಯಸ್ಸಾದವನ ಅಂಗೈಯಲ್ಲಿಟ್ಟಳು.

ಗುಂಡು ಹಳದಿಯಾಗಿತ್ತು.

ಮೊದಲು ಬಾಯಿ ತೆರೆದವನು ಸರ್ಜಪ್ಪನಾಯಕ. ಹಗೆಯವರೂ ಹಿತ್ತಾಳೆ ಗುಂಡು ಹೊಡೆದಿರಬಹುದಲ್ಲ ಎಂದ. ಗುಂಪಿನಲ್ಲಿದ್ದ ಒಬ್ಬ ಹೆಂಗಸು, ಅವಳ ಹೆಸರನ್ನು ಯಾರೂ ಉಳಿಸಿಲ್ಲ, “ಅವರಿಗ್ಯಾಕ್ರಿ ಹಿತ್ತಾಳಿ? ಸೀಸ ಮುಗಿದಿದ್ದು ನಮಗ. ಅದು ನಮ್ಮನಿ ತಂಬಿಗಿ ಇದ್ರೂ ಇದ್ದೀತು” ಎಂದಳು. ಕಾಳವ್ವ ಕಿಲ್ಲೇದಾರನತ್ತ ತಿರುಗಲೇ ಇಲ್ಲ. ಹಿರಿಯರನ್ನು ಕೇಳಿದಳು: “ಗುಂಡು ಕೋಟಿಯಿಂದ ಹೋಗೇತಿ. ಅಂದಮ್ಯಾಗ ಬೆನ್ನು ಕೋಟಿ ಕಡೆ ಇತ್ತು. ಹಂಗಾರ ನನ್ನ ಮಗನ ಮಾರಿ ಎತ್ತಾಗ ಇತ್ತು? ನೀವ ಹೇಳ್ರಿ.”

ಹಿರಿಯನೊಬ್ಬ ಮಾನಪ್ಪನ ಮುಷ್ಟಿ ಬಿಡಿಸಿ ಮೊಳೆಯನ್ನು ಎತ್ತಿ ನೋಡಿ, ಇದು ತೋಪಿನ ತೂತಿಗೆ ಬಡಿಯುವ ಮೊಳೆ ಎಂದ. ಆ ಗುಂಡನ್ನು ಎರೆದವನು ಮಾನಪ್ಪನೇ ಎಂಬುದು ಆಗ ಒಬ್ಬೊಬ್ಬರಿಗೇ ಹೊಳೆಯಿತು. ಹಿರಿಯರು ಕಲ್ಲು ಕೊಡಲು ಒಪ್ಪಿದರು. ಬಂದೂಕು ಹಾರಿಸಿದವರು ಯಾರೆಂದು ಕೇಳಿದಾಗ ಮಾತ್ರ, ಬತೇರಿಯ ಮೇಲಿದ್ದ ಐದು ಮನೆತನಗಳ ಗಂಡಸರು ಒಬ್ಬರ ಮುಖ ಒಬ್ಬರು ನೋಡಿದರು. ಒಬ್ಬ ತಾನು ಮದ್ದು ತುಂಬುತ್ತಿದ್ದೆನೆಂದ, ಒಬ್ಬ ಬೆನ್ನು ತಿರುಗಿಸಿ ನಿಂತಿದ್ದೆನೆಂದ, ಒಬ್ಬನಿಗೆ ಆ ಬೆಳಿಗ್ಗೆ ಕಣ್ಣೇ ಕಾಣುತ್ತಿರಲಿಲ್ಲವಂತೆ. ಕಾಳವ್ವ ಕೈ ಎತ್ತಿ ತಡೆದಳು. “ಹೊಡದವರ ಹೆಸರು ನನಗ ಬ್ಯಾಡ. ಕಲ್ಲು ಬತೇರಿ ಬುಡಕ್ಕ ನಿಲ್ಲಸ್ರಿ, ಮಾರಿ ಬತೇರಿಗೆ ಮಾಡಿ. ಗುಳಿ ಬೆನ್ನಿಗೇ ಹೊಡೀರಿ. ಯಾರಂತ ಅವನ ನೋಡ್ಕೊಂತ ನಿಂದರ್ಲಿ.” ಕಲ್ಲನ್ನು ಹಾಗೆಯೇ ನಿಲ್ಲಿಸಿದರು. ಬದುಕಿರುವತನಕ ಅವಳು ಅಮಾವಾಸ್ಯೆಗೊಮ್ಮೆ ಬಂದು ಬೆನ್ನಿನ ಗುಳಿಗೆ ಬೆಣ್ಣೆ ಮೆತ್ತುತ್ತಿದ್ದಳು, ಗಾಯ ಮಾಯಲಿ ಎಂದು. ಅವಳ ನಂತರ ಕಮ್ಮಾರರ ಓಣಿಯ ಹೆಂಗಸರು ಆ ಕೆಲಸ ಬಿಟ್ಟಿಲ್ಲ. ಹೆಣ್ಣು ಕೊಡುವಾಗ ತರುವಾಗ ‘ಅವರು ಬತೇರಿಯವರೇನು?’ ಎಂದು ದನಿ ತಗ್ಗಿಸಿ ವಿಚಾರಿಸುವುದನ್ನು ಊರೂ ಬಿಟ್ಟಿಲ್ಲ. ಐದೂ ಮನೆತನಗಳು ಈಗ ಎಷ್ಟೋ ಕವಲಾಗಿವೆ. ಪ್ರತಿಯೊಂದು ಮನೆಯಲ್ಲೂ ಹೊಡೆದವರು ಉಳಿದ ನಾಲ್ಕರವರೆಂದು ಖಚಿತವಾಗಿ ಗೊತ್ತಿದೆ.

ಹೋದ ಭಾನುವಾರ ಕಾಲ್ನಡಿಗೆಗೆ ಬಂದಿದ್ದ ಹೆಂಗಸೊಬ್ಬಳು ಗುಳಿಯನ್ನು ಮುಟ್ಟಿ ನೋಡಿ, ಗುಂಡು ಹೊಡೆದವರು ಯಾರು ಎಂದು ವೀರಭದ್ರನನ್ನು ಕೇಳಿದಳು. “ಶತ್ರುಗಳು, ಮೇಡಂ” ಎಂದು ಅವನು ಮುಂದೆ ಹೆಜ್ಜೆ ಹಾಕಿದ. ನನಗೆ ತಡೆಯಲಾಗಲಿಲ್ಲ. “ವೀರಭದ್ರಾ, ಗುಳಿ ಯಾವ ಕಡೆ ಐತಪಾ?” ಎಂದೆ. ಅವನದು ಬತೇರಿಯ ಮನೆತನ, ಅದು ನನಗೂ ಗೊತ್ತು, ಅವನಿಗೂ ಗೊತ್ತು. ಅವನು ಸ್ಪೀಕರಿನ ಗುಂಡಿ ಒತ್ತಿ ಆರಿಸಿ, ನನ್ನ ಕಿವಿಯ ಹತ್ತಿರ ಬಂದು, “ಸುಮ್ಮಿರ್ರಿ ಕಾಕಾ. ನಿಮ್ಮನೀನೂ ಬತೇರಿದ ಅಂತ ನಮ್ಮಜ್ಜ ಹೇಳ್ತಿದ್ದ” ಎಂದ. ನಾನು ಅದನ್ನು ನಂಬುವುದಿಲ್ಲ. ಅವರಜ್ಜ ಬಾಯಿ ತೆರೆದರೆ ಸುಳ್ಳು ಹೇಳುತ್ತಿದ್ದ ಮನುಷ್ಯ ಎಂಬುದು ಊರಿಗೆಲ್ಲ ಗೊತ್ತು. ಆದರೂ ಅಂದು ಮನೆಗೆ ಬಂದ ಮೇಲೆ ಊಟ ಸೇರಲಿಲ್ಲ.

ಮಾನಪ್ಪನ ಮುಖ ನೋಡಬೇಕೆನ್ನುವವರಿಗೆ ಈಗಲೂ ಒಂದೇ ದಾರಿ. ಕಲ್ಲಿಗೂ ಬತೇರಿಗೂ ನಡುವೆ ಒಬ್ಬರು ಅಡ್ಡವಾಗಿ ನುಸುಳುವಷ್ಟು ಜಾಗವಿದೆ. ಒಳಗೆ ಸೇರಿ, ಬೆನ್ನನ್ನು ಕೋಟೆಯ ಗೋಡೆಗೆ ಒತ್ತಿ ನಿಂತರೆ ಅವನು ಎದುರಿಗೆ ಕಾಣುತ್ತಾನೆ. ಬಲಗೈಯಲ್ಲಿ ಸುತ್ತಿಗೆ, ಎಡಗೈಯಲ್ಲಿ ಮೊಳೆ, ಮಳೆ ಬಿಸಿಲು ತಾಕದ್ದರಿಂದ ಇನ್ನೂ ಸವೆಯದ ದೊಡ್ಡ ಕಣ್ಣುಗಳು. ಆ ಕಣ್ಣುಗಳು ನಮ್ಮನ್ನು ನೋಡುವುದಿಲ್ಲ, ನಮ್ಮ ತಲೆಯ ಮೇಲಿಂದ ಎತ್ತರಕ್ಕೆ ನೋಡುತ್ತವೆ. ಏನನ್ನು ನೋಡುತ್ತಿದ್ದಾನೆಂದು ಕತ್ತು ಎತ್ತದೆ ಇರಲು ಯಾರಿಂದಲೂ ಆಗುವುದಿಲ್ಲ. ಎತ್ತಿದರೆ, ಬತೇರಿಯ ಅಂಚಿನಿಂದ ಫೋಟೋಗೆಂದು ಮೇಲೆ ಹತ್ತಿದ ನಮ್ಮ ಜೊತೆಯವರೇ ಬಗ್ಗಿ, ಒಂದು ಕಣ್ಣು ಕಿರಿದು ಮಾಡಿ, ಮೊಬೈಲುಗಳನ್ನು ನಮ್ಮ ಮೇಲೆ ಗುರಿ ಹಿಡಿದಿರುತ್ತಾರೆ.