ಹಾಲಿಯ ದ್ವೀಪದ ಮಗ್ಗದ ಕಲ್ಲು

"ಕೇಳಿರಪ್ಪೋ ಕೇಳಿ! ಹಾಲಿಯ ದ್ವೀಪದ ದೊರೆ ಮೇದೋನರ ಅಪ್ಪಣೆ ಕೇಳಿ! ರಾಜಕುಮಾರಿ ಥಿಯಾನೊ ಮೂರು ಒಗಟು ಹಾಕುತ್ತಾರೆ. ಮೂರನ್ನೂ ಬಿಡಿಸಿದವನು ಯಾರೇ ಆಗಲಿ, ಅವನಿಗೆ ಮಗಳನ್ನು ಕೊಡುತ್ತೇವೆ. ಒಂದು ತಪ್ಪಿದರೂ ಕಡಲಿಗೆ ತಳ್ಳಿಸುತ್ತೇವೆ. ಸ್ಟಿಕ್ಸ್ ಹೊಳೆಯ ಆಣೆ!"

ಗ್ರೀಕರಿಗೆ ಸ್ಟಿಕ್ಸ್ ಎಂದರೆ ಸತ್ತವರ ಲೋಕದ ಹೊಳೆ. ಅದರ ಮೇಲೆ ಆಣೆ ಇಟ್ಟರೆ ದೇವತೆಗಳೂ ಹಿಂದೆಗೆಯುವಂತಿಲ್ಲ. ಒಗಟಿನ ಮಾತೆತ್ತಿದವಳು ಥಿಯಾನೊಳೇ, ನಿಜ. "ಕಣ್ಣೆದುರಿಗಿರೋದು ಕಾಣೋ ಗಂಡಾದರೆ ಸಾಕು" ಎಂದಿದ್ದಳು. ಕಡಲನ್ನೂ ಆಣೆಯನ್ನೂ ಸೇರಿಸಿದವನು ಅಪ್ಪ. ಡಂಗುರ ಕೇಳಿ ಅವಳು ಓಡಿಬಂದು ಕೂಗಾಡಿದರೆ, "ಈಗೇನು ಮಾಡೋಕಾಗುತ್ತೆ ಮಗಳೇ, ಆಣೆ ಇಟ್ಟಾಯ್ತಲ್ಲ" ಎಂದು ಗಡ್ಡ ನೀವಿಕೊಂಡ. ಸೋತವರನ್ನು ನೆಲಮಾಳಿಗೆಯಲ್ಲಿ ಕೂಡಿಹಾಕಿ, ದ್ರಾಕ್ಷಿ ಕೊಯ್ಲು ಮುಗಿದ ದಿನ ಎತ್ತರದ ಬಂಡೆಯಿಂದ ತಳ್ಳಿಸುವುದೆಂದು ಆಮೇಲೆ ಗೊತ್ತುಮಾಡಿದ.

ಒಬ್ಬನೂ ಸಾಯಬಾರದೆಂದು ಥಿಯಾನೊ ಹಟ ಹಿಡಿದಳು. ಮಗುವಿಗೂ ಹೊಳೆಯುವಂಥ ಒಗಟು ಕಟ್ಟಿದಳು. ಸಾಲದೆಂದು ತನ್ನ ಮಗ್ಗವನ್ನೇ ಓಲಗಕ್ಕೆ ತಂದು ನಿಲ್ಲಿಸಿಕೊಂಡಳು. ಆ ನಾಡಿನ ಮಗ್ಗದಲ್ಲಿ ಮೇಲಿನ ತೊಲೆಯಿಂದ ನೂಲು ಇಳಿಬಿಟ್ಟು, ಬಿಗಿಯಾಗಿರಲೆಂದು ತುದಿಗೆ ಕಲ್ಲು ಕಟ್ಟುತ್ತಾರೆ. ಅವಳು ನೇಯುತ್ತಲೇ ಕೇಳಿದಳು.

"ನಮ್ಮನ್ನು ನೇಣಿಗೆ ಹಾಕಿದ್ದಾರೆ. ಕಾಲಿಗೆ ಕಲ್ಲು ಕಟ್ಟಿದ್ದಾರೆ. ಬಿಚ್ಚಿದರೆ ಕೆಲಸಕ್ಕೆ ಬಾರೆವು, ಕಟ್ಟಿದರೆ ದೊರೆಯ ಮಾನ ಮುಚ್ಚುತ್ತೇವೆ. ನಾವು ಯಾರು?"

ಮೊದಲ ರಾಜಕುಮಾರ ಎದೆಯುಬ್ಬಿಸಿ ನಿಂತ. "ಬಂಡೆಗೆ ಸಂಕೋಲೆಯಲ್ಲಿ ಕಟ್ಟಿಸಿಕೊಂಡ ನಮ್ಮ ಮೂಲಪುರುಷ, ಪ್ರೊಮಿಥಿಯಸ್!"

ಅವನನ್ನು ಕೆಳಗೆ ಕರೆದೊಯ್ದರು. ಎರಡನೆಯವನು ಆಕಾಶ ಹೊತ್ತ ತನ್ನ ತಾತ ಅಟ್ಲಾಸನ ಹೆಸರು ಹೇಳಿದ. ಮೂರನೆಯವನಿಗೆ ಥಿಯಾನೊ ತಡೆಯಲಾರದೆ ಮಗ್ಗದ ಕಲ್ಲುಗಳನ್ನು ಕಾಲಿನಿಂದ ಗಡಗಡ ಅಲ್ಲಾಡಿಸಿ ತೋರಿಸಿದಳು. ಅವನು ಕಣ್ಣು ಮುಚ್ಚಿ ಕೈಮುಗಿದ. "ಗುಡುಗು ಕೇಳಿಸಿತು! ಗುಡುಗಿನ ದೇವರು, ನಮ್ಮಪ್ಪ ಜೀಯಸ್!"

ಬಂದವರೆಲ್ಲ ಯಾವುದಾದರೊಂದು ದೇವರ ಕುಲದವರು, ಬಂದವರೆಲ್ಲ ತಮ್ಮ ಮನೆದೇವರನ್ನೇ ಉತ್ತರವಾಗಿ ಒಪ್ಪಿಸುವವರು. ಹನ್ನೊಂದನೆಯವನು ಮೈಗೆಲ್ಲ ಎಣ್ಣೆ ಬಳಿದುಕೊಂಡು ಬಂದಿದ್ದ, ಮೊಣಕೈಯಿಂದ ತೊಟ್ಟಿಕ್ಕುತ್ತಿತ್ತು. ಇವನಾದರೂ ಉಳಿಯಲಿ ಎಂದು ಥಿಯಾನೊ ಎರಡನೆಯ ಒಗಟನ್ನೇ ಮೊದಲು ಹಾಕಿದಳು.

"ತಾಯಿಯನ್ನು ಜಜ್ಜಿದ ಮೇಲೆ ಹುಟ್ಟಿದವನು. ಕಡಲಿಗೆಸೆದರೂ ಮುಳುಗದವನು. ಅವನಿಗೆ ಬೆಂಕಿ ತಾಗಿದರೆ ಮನೆಗೆಲ್ಲ ಬೆಳಕು. ನಿಧಾನವಾಗಿ ಹೇಳಪ್ಪ. ಒಂದು ಸಲ ನಿನ್ನ ಮೈ ನೋಡಿಕೊಂಡು ಹೇಳು."

ಅವನು ಮೈ ನೋಡಿಕೊಂಡ, ತೋಳು ಬಾಗಿಸಿ ಮೆಚ್ಚಿಕೊಂಡ. "ತಾಯಿ ಸುಟ್ಟು ಸತ್ತಾಗ ಹುಟ್ಟಿದವನು, ನಮ್ಮಜ್ಜ ಡಯೊನೈಸಸ್!"

"ನಿನ್ನಜ್ಜನ ತಲೆ!" ಎಂದು ಕಿರುಚಿ ಥಿಯಾನೊ ಮಗ್ಗದಿಂದ ಒಂದು ಕಲ್ಲು ಕಿತ್ತು ಎಸೆದಳು. ನಾಳೆಯೇ ಕೊಯ್ಲು ಮುಗಿಯುವ ದಿನ. ಹನ್ನೊಂದು ಜನ ಅವಳ ಹೆಸರಿನಲ್ಲಿ ಸಾಯುತ್ತಾರೆ. ಅವಳು ಮುಖ ಮುಚ್ಚಿಕೊಂಡು ಅತ್ತಳು.

ಕಲ್ಲು ಉರುಳಿ ದೀಪದ ಕಂಬದ ಬುಡದಲ್ಲಿ ನಿಂತಿತು. ಅಲ್ಲಿ ದೀಪಗಳಿಗೆ ಎಣ್ಣೆ ಹಾಕುವ ಆಳು ನಿಂತಿದ್ದ. ಅವನು ಕಲ್ಲನ್ನು ಎತ್ತಿಕೊಂಡು ಬಂದು, ಜೋಲುತ್ತಿದ್ದ ನೂಲಿಗೆ ಗಂಟು ಹಾಕಿ ಕಟ್ಟಿದ.

"ಉತ್ತರ ಬಿದ್ದೋಗಿತ್ತು, ಅಮ್ಮಣ್ಣಿ" ಎಂದ.

ದೊರೆ ಮುಂದಕ್ಕೆ ಬಾಗಿದ. "ಏನಂದೆ?"

"ಮಗ್ಗದ ನೂಲು, ಬುದ್ಧಿ. ನೇತಾಡುತ್ತೆ, ಕಲ್ಲು ಕಟ್ಟಿದರೆ ಬಟ್ಟೆಯಾಗುತ್ತೆ."

"ಬಾಯಿ ಬಿಟ್ಟೆಯಲ್ಲ, ಉಳಿದ ಎರಡಕ್ಕೂ ಹೇಳು. ತಪ್ಪಿದರೆ ನೀನು ಹನ್ನೆರಡನೆಯವನು."

ಎಣ್ಣೆಯವನು ಜಿಡ್ಡಾದ ಅಂಗೈಯನ್ನು ಮೇಲೆತ್ತಿದ. "ಎರಡನೇದು ಇದೇ. ಆಲಿವ್ ಕಾಯಿ ಜಜ್ಜಿದರೆ ಎಣ್ಣೆ. ನೀರಲ್ಲಿ ತೇಲುತ್ತೆ, ದೀಪಕ್ಕೆ ಹಾಕಿದರೆ ಉರಿಯುತ್ತೆ."

ಮೂರನೆಯ ಒಗಟಿನವರೆಗೆ ಯಾರೂ ಬಂದಿರಲಿಲ್ಲ. ಥಿಯಾನೊ ಕಣ್ಣೊರೆಸಿಕೊಂಡು, ಅಪ್ಪನನ್ನೇ ನೋಡುತ್ತ ಕೇಳಿದಳು. "ಹಲ್ಲಿನ ಬೇಲಿಯೊಳಗಿರುವವರೆಗೆ ಯಜಮಾನನಿಗೆ ಆಳು. ಬೇಲಿ ದಾಟಿದರೆ ಯಜಮಾನನಿಗೇ ಯಜಮಾನ. ಜೀಯಸ್ ಕರೆದರೂ ಹಿಂದಕ್ಕೆ ಬರುವುದಿಲ್ಲ. ಏನದು?"

ಎಣ್ಣೆಯವನಿಗೆ ಉತ್ತರ ಗೊತ್ತಿತ್ತು. ಹೆದರುತ್ತಲೇ ಹೇಳಿದ. "ಆಡಿದ ಮಾತು. ತಾವು ಸ್ಟಿಕ್ಸ್ ಮೇಲೆ ಆಡಿದರಲ್ಲ ಬುದ್ಧಿ, ಅಂಥದ್ದು."

ಮೇದೋನ ಸಿಂಹಾಸನಕ್ಕೆ ಒರಗಿದ. "ಸರಿ. ಗೆದ್ದೆ. ಆದರೆ ಆ ಹನ್ನೊಂದು ಜನರನ್ನು ನಾನು ಉಳಿಸುವ ಹಾಗಿಲ್ಲ. ಮಾತು ಹಿಂದಕ್ಕೆ ಬರುವುದಿಲ್ಲ, ನೀನೇ ಹೇಳಿದೆ."

"ಹಿಂದಕ್ಕೆ ಬೇಡ, ಆಡಿದಷ್ಟೇ ನಡೆಸಿ. ಡಂಗುರದಲ್ಲಿ ಕಡಲಿಗೆ ತಳ್ಳಿಸ್ತೀವಿ ಅಂದಿರಿ. ಬಂಡೆಯಿಂದ ಅಂತ ಇರಲಿಲ್ಲ. ಬಂದರಿನ ಮೆಟ್ಟಿಲ ಹತ್ತಿರ ಮೊಣಕಾಲುದ್ದ ನೀರಿದೆ, ಅದೂ ಕಡಲೇ."

ಥಿಯಾನೊ ಎಷ್ಟೋ ದಿನದ ಮೇಲೆ ಜೋರಾಗಿ ನಕ್ಕಳು.

ಮರುದಿನ ಹನ್ನೊಂದು ದೇವಕುಲದವರನ್ನು ಒಬ್ಬೊಬ್ಬರಾಗಿ ಮೆಟ್ಟಿಲಿನಿಂದ ತಳ್ಳಿದರು. ಕೊನೆಯವನ ಸುತ್ತ ಎಣ್ಣೆ ತೇಲಿತು. "ಪ್ರೊಮಿಥಿಯಸ್ ಅನ್ನೋದೂ ಸರಿಹೋಗುತ್ತಿತ್ತು" ಎಂದು ಮೊದಲನೆಯವನು ನೀರಿನಲ್ಲಿ ನಿಂತೇ ವಾದ ಹೂಡಿದ್ದ.

ಮೆಟ್ಟಿಲ ಮೇಲೆ ಕೂತು ನೋಡುತ್ತಿದ್ದ ಥಿಯಾನೊ ಪಕ್ಕದಲ್ಲಿದ್ದವನನ್ನು ಕೇಳಿದಳು. "ನಿನಗೆ ಯಾವಾಗ ಹೊಳೆಯಿತು?"

"ಮೊದಲನೇ ದಿನವೇ."

"ಮತ್ತೆ ಬಾಯಿಗೆ ಬೀಗ ಹಾಕಿಕೊಂಡಿದ್ದೆಯಾ? ನಾನಲ್ಲಿ ತಲೆ ಚಚ್ಚಿಕೊಳ್ತಾ ಇದ್ದೆ! ಯಾರೇ ಆಗಲಿ ಅಂತ ಸಾರಿರಲಿಲ್ಲವಾ?"

"ಸಾರಿದ್ದರು. ಆದರೆ ಒಗಟು ಹಾಕುವಾಗ ನೀವು ದೀಪದ ಕಂಬದ ಕಡೆಗೆ ಒಂದು ಸಲವೂ ನೋಡಲಿಲ್ಲ, ಅಮ್ಮಣ್ಣಿ."

ಆರು ವರ್ಷದಿಂದ ಅವಳು ನೇಯುವ ಬೆಳಕಿಗೆ ಎಣ್ಣೆ ಹಾಕುತ್ತಿದ್ದವನು ಇವನೇ. ಕಣ್ಣೆದುರಿನದು ಕಾಣದವರೆಂದು ಅವಳು ಹನ್ನೊಂದು ಜನರನ್ನು ಬೈದಿದ್ದಳು. ನಾಚಿಕೆಯಿಂದ ಅವಳ ಕಿವಿ ಬಿಸಿಯಾಯಿತು.

"ಮದುವೆಗೆ ನೀವು ಒಪ್ಪಿದರೆ ಮಾತ್ರ" ಎಂದ ಅವನು.

"ಒಪ್ಪುತ್ತೇನೆ. ಮೊದಲು ನಿನ್ನ ಹೆಸರು ಹೇಳು."

"ಡಾಮಿಸ್."

ಮದುವೆಯ ದಿನ ಅರಮನೆಯ ದೀಪಗಳಿಗೆಲ್ಲ ಥಿಯಾನೊಳೇ ಎಣ್ಣೆ ಹಾಕಿದಳು. ಡಾಮಿಸ್ ತೊಟ್ಟ ಬಟ್ಟೆ ಅದೇ ಮಗ್ಗದ್ದು.